ಉಪ್ಪುಸಾರಿನ ಖಾರ



ಪಟ್ಟಣದ ಅಡಿಗೆಮನೆಗಳಲ್ಲಿ ಸಾರಿನ ಪುಡಿ, ಹುಳಿಪುಡಿಗಳ ಡಬ್ಬಿಗಳಿಗೆ ಕೊರತೆಯಿಲ್ಲ. ಆದರೆ ಡಬ್ಬಿಗೆ ಒಗ್ಗದ ಸಂಬಾರವೊಂದು ಗುಂಡ್ಲುಪೇಟೆಯ ಸೀಮೆಯಲ್ಲಿ ಮನೆಮನೆಯ ವಸ್ತುವಾಗಿದೆ. ಅದೇ ಉಪ್ಪುಸಾರಿನ ಖಾರ. ಮೈಸೂರು, ಮಂಡ್ಯಗಳ ಹಳ್ಳಿಗಳಿಗೂ ಇದು ಪರಿಚಿತವಾದುದೇ. ನಗರದ ಪಂಕ್ತಿಗಳಲ್ಲಿ ಮಾತ್ರ ಇದನ್ನು ಕಾಣುವುದು ಅಪೂರ್ವ.

ಒಣಮೆಣಸಿನಕಾಯಿಯನ್ನು ಸುಟ್ಟುಕೊಂಡು, ಇಲ್ಲವೆ ಹಸಿಯದನ್ನು ಬಾಡಿಸಿಕೊಂಡು, ಬೆಳ್ಳುಳ್ಳಿ, ಕರಿಮೆಣಸು, ಜೀರಿಗೆ, ಕೊತ್ತಂಬರಿಸೊಪ್ಪು, ಹುಣಿಸೆಹಣ್ಣು, ಉಪ್ಪುಗಳೊಡನೆ ಒರಳಿನಲ್ಲಿ ಅರೆದರೆ ಖಾರವು ಸಿದ್ಧವಾಯಿತು. ತೊಗರಿಬೇಳೆಯನ್ನೋ ಅಲಸಂದೆಯನ್ನೋ ಹುರುಳಿಯನ್ನೋ ಸೊಪ್ಪಿನೊಡನೆ ಉಪ್ಪು ಹಾಕಿ ಬೇಯಿಸಿ, ಕಟ್ಟನ್ನು ಬಸಿದುಕೊಂಡರೆ ಅದೇ ಉಪ್ಪುಸಾರು. ಉಳಿದ ಕಾಳುಸೊಪ್ಪಿಗೆ ಒಗ್ಗರಣೆ ಕೊಟ್ಟರೆ ಪಲ್ಯ. ಬೆಂದ ನೀರೂ ವ್ಯರ್ಥವಾಗುವುದಿಲ್ಲ.

ಈ ಖಾರದ ಮುದ್ದೆಯಲ್ಲಿ ಎರಡು ಕಾಲಗಳ ರುಚಿ ಕೂಡಿದೆ. ಕರಿಮೆಣಸು ಪಶ್ಚಿಮಘಟ್ಟಗಳ ಸ್ವಂತ ಬೆಳೆ. ಗುಂಡ್ಲುಪೇಟೆಯಿಂದ ಕವಲೊಡೆಯುವ ದಾರಿಗಳಲ್ಲೊಂದು ಆ ಮೆಣಸಿನ ನಾಡಾದ ವಯನಾಡಿಗೇ ಹೋಗುತ್ತದೆ. ಮೆಣಸಿನಕಾಯಿಯಾದರೋ ಅಮೆರಿಕಾ ಖಂಡದ್ದು. 1498ರಲ್ಲಿ ವಾಸ್ಕೋ ಡ ಗಾಮನು ಕಲ್ಲಿಕೋಟೆಗೆ ಬಂದ ಮೇಲೆ, 16ನೆಯ ಶತಮಾನದಲ್ಲಿ, ಪೋರ್ಚುಗೀಸರ ಮೂಲಕ ನಮ್ಮ ದೇಶವನ್ನು ಸೇರಿತು. ಹೊಸ ಕಾಯಿಗೆ ನಮ್ಮ ಜನರು ಹಳೆಯ ಮೆಣಸಿನ ಹೆಸರನ್ನೇ ಕೊಟ್ಟರು. ಅನೇಕ ಅಡಿಗೆಗಳಲ್ಲಿ ಹೊಸಬನು ಹಳಬನನ್ನು ಹೊರದೂಡಿದನು; ಈ ಒರಳಿನಲ್ಲಿ ಇಬ್ಬರೂ ಒಟ್ಟಿಗೆ ಉಳಿದಿದ್ದಾರೆ.

ಇದರ ನಿಜವಾದ ಹೆಚ್ಚಳವಿರುವುದು ಬಡಿಸುವ ಕ್ರಮದಲ್ಲಿ. ಬಸ್ಸಾರಿನಲ್ಲಿ ಅರೆದ ಮಸಾಲೆಯು ಪಾತ್ರೆಯೊಳಗೇ ಕುದಿಯುತ್ತದೆ. ಅಲ್ಲಿ ಅಡಿಗೆ ಮಾಡಿದವರ ನಾಲಗೆಯೇ ಎಲ್ಲರಿಗೂ ಅಳತೆ. ಉಪ್ಪುಸಾರಿನ ಖಾರವಾದರೋ ತಟ್ಟೆಯ ಅಂಚಿನಲ್ಲಿ ಕೂರುತ್ತದೆ. ಗೆಯ್ಮೆಯಿಂದ ಬಂದವನು ನೆಲ್ಲಿಕಾಯಿಯಷ್ಟನ್ನು ಕಲಸಿಕೊಳ್ಳಲಿ, ಮುದುಕಿಯು ಬೆರಳ ತುದಿಯಷ್ಟನ್ನು ಸೋಕಿಸಲಿ, ಮಗುವು ಬರಿಯ ಸಾರನ್ನೇ ಉಣ್ಣಲಿ; ಪಾತ್ರೆ ಒಂದೇ, ಅಳತೆ ಅವರವರದು.

ಪಟ್ಟಣದಲ್ಲಿ ಕೆಲವರು ಸಾರು ತೀರ ತೆಳುವೆಂದು ಖಾರವನ್ನು ಅದರಲ್ಲಿಯೇ ಕುದಿಸಿಬಿಡುವುದನ್ನು ನಾವು ಕಂಡಿದ್ದೇವೆ. ಕುದಿದ ಮೇಲೆ ಹಸಿಬೆಳ್ಳುಳ್ಳಿಯ ಘಾಟು ಅಡಗುತ್ತದೆ. ಉಣ್ಣುವವರ ಸ್ವಾತಂತ್ರ್ಯವೂ ಅದರೊಡನೆಯೇ ಹೋಗುತ್ತದೆ. ಹೆಸರು ಉಳಿದೀತು, ಪದಾರ್ಥವು ಉಳಿಯದು.

ಆದುದರಿಂದ ನಮ್ಮ ಬಿನ್ನಹವಿಷ್ಟೆ: ಬಿಸಿ ರಾಗಿಮುದ್ದೆಯೊಡನೆ ಒಮ್ಮೆ ಇದನ್ನು ಮಾಡಿ ನೋಡಿರಿ. ಖಾರವನ್ನು ಅಂದೇ ಅರೆಯಿರಿ, ಬೇರೆಯಾಗಿಯೇ ಬಡಿಸಿರಿ. ಎಷ್ಟು ಬೇಕೆಂಬುದನ್ನು ಉಣ್ಣುವವರಿಗೇ ಬಿಡಿರಿ.