ಅಳತೆಗೋಲು ನಡುವೆ ಬದಲಾಗಬಾರದು



ಸರಕಾರಿ ಹುದ್ದೆಗಳಿಗೆ ಅರ್ಜಿ ಆಹ್ವಾನಿಸುವ ಅಧಿಸೂಚನೆಯನ್ನು ನಾವು ಬರೇ ಜಾಹೀರಾತೆಂದು ಪರಿಗಣಿಸುತ್ತೇವೆ. ವಾಸ್ತವದಲ್ಲಿ ಅದೊಂದು ವಾಗ್ದಾನ. ಇಂತಿಷ್ಟು ವಿದ್ಯಾರ್ಹತೆ, ಇಂತಿಷ್ಟು ವಯಸ್ಸು, ಇಂತಹ ಪರೀಕ್ಷೆ ಎಂದು ಸರಕಾರ ಸಾರಿದೊಡನೆ ಬಡ ಕುಟುಂಬದ ಯುವಕನು ಇದ್ದ ಕೆಲಸ ಬಿಟ್ಟು ಓದಲು ಕೂರುತ್ತಾನೆ. ತಾಯಿ ಒಡವೆ ಅಡವಿಟ್ಟು ಕೋಚಿಂಗ್ ಶುಲ್ಕ ಕಟ್ಟುತ್ತಾಳೆ. ಪರೀಕ್ಷೆ ಮುಗಿದ ಬಳಿಕ ಅರ್ಹತೆಯ ಮಾನದಂಡವನ್ನೇ ಬದಲಿಸಿದರೆ ಆತ ಕಳೆದುಕೊಳ್ಳುವುದು ಒಂದು ಹುದ್ದೆಯನ್ನಷ್ಟೇ ಅಲ್ಲ, ಮರಳಿ ಬಾರದ ಪ್ರಾಯವನ್ನು ಮತ್ತು ವ್ಯವಸ್ಥೆಯ ಮೇಲಿನ ವಿಶ್ವಾಸವನ್ನು.

ಇದು ಕಲ್ಪನೆಯ ಮಾತಲ್ಲ. 2009ರಲ್ಲಿ ರಾಜಸ್ಥಾನ ಹೈಕೋರ್ಟು 13 ಅನುವಾದಕರ ಹುದ್ದೆಗಳಿಗೆ ಅರ್ಜಿ ಕರೆಯಿತು. ಪರೀಕ್ಷೆಗೆ ಹಾಜರಾದವರು 21 ಮಂದಿ. ಬಳಿಕ, ಶೇ. 75 ಅಂಕ ಪಡೆದವರನ್ನು ಮಾತ್ರ ಆಯ್ಕೆ ಮಾಡಬೇಕೆಂಬ ತೀರ್ಮಾನವಾಯಿತು. ಆಯ್ಕೆಯಾದವರು ಮೂವರೇ. ಉಳಿದವರಲ್ಲಿ ಕೆಲವರು ನ್ಯಾಯಾಲಯದ ಮೆಟ್ಟಿಲೇರಿದರು. 2013ರಲ್ಲಿ ಸುಪ್ರೀಮ್ ಕೋರ್ಟಿನ ತ್ರಿಸದಸ್ಯ ಪೀಠವು ಪ್ರಶ್ನೆಯನ್ನು ಇನ್ನೂ ದೊಡ್ಡ ಪೀಠಕ್ಕೆ ಒಪ್ಪಿಸಿತು. 2024ರ ನವೆಂಬರ್ 7ರಂದು ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು ಅದಕ್ಕೆ ಉತ್ತರವಿತ್ತಿತು.

ತೀರ್ಪಿನ ಸಾರ ಇಷ್ಟು. ನೇಮಕಾತಿಯು ಅರ್ಜಿ ಕರೆದಲ್ಲಿ ಆರಂಭವಾಗಿ ಹುದ್ದೆಗಳು ಭರ್ತಿಯಾದಲ್ಲಿ ಕೊನೆಗೊಳ್ಳುತ್ತದೆ. ಆರಂಭದಲ್ಲಿ ಘೋಷಿಸಿದ ಅರ್ಹತಾ ಮಾನದಂಡವನ್ನು, ಜಾರಿಯಲ್ಲಿರುವ ನಿಯಮಗಳಾಗಲೀ ಅವುಗಳಿಗೆ ವಿರುದ್ಧವಲ್ಲದ ಅಧಿಸೂಚನೆಯಾಗಲೀ ಅನುಮತಿಸದ ಹೊರತು, ನಡುವೆ ಬದಲಿಸುವಂತಿಲ್ಲ. ಅನುಮತಿಯಿದ್ದರೂ ಬದಲಾವಣೆಯು ಸಂವಿಧಾನದ 14ನೇ ವಿಧಿಯ ಸಮಾನತೆಗೆ ಒಪ್ಪುವಂತಿರಬೇಕು, ಮನಸ್ವೀ ಆಗಿರಬಾರದು. ಆಂಧ್ರಪ್ರದೇಶದ ಜಿಲ್ಲಾ ನ್ಯಾಯಾಧೀಶರ ನೇಮಕಾತಿಯಲ್ಲಿ ಸಂದರ್ಶನ ಮುಗಿದ ಮೇಲೆ ಸಂದರ್ಶನಕ್ಕೆ ಕನಿಷ್ಠ ಅಂಕ ನಿಗದಿಪಡಿಸಿದ್ದನ್ನು ಒಪ್ಪದ 2008ರ ತೀರ್ಪನ್ನೂ ಪೀಠವು ಎತ್ತಿ ಹಿಡಿಯಿತು. ಗಮನಿಸಿ, ಈ ಎರಡೂ ಪ್ರಕರಣಗಳಲ್ಲಿ ಆಯ್ಕೆ ನಡೆಸಿದ್ದು ಹೈಕೋರ್ಟುಗಳೇ. ನ್ಯಾಯ ನೀಡುವ ಸಂಸ್ಥೆಗೂ ನಿಯಮದಿಂದ ವಿನಾಯಿತಿಯಿಲ್ಲ.

ಆದರೆ ಈ ತೀರ್ಪಿಗೆ ಇಲ್ಲದ ಅರ್ಥವನ್ನು ಕಟ್ಟಬಾರದು. ಆಯ್ಕೆಪಟ್ಟಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಹುದ್ದೆ ಹಕ್ಕಾಗುವುದಿಲ್ಲ. ಹರ್ಯಾಣದಲ್ಲಿ 15 ಹುದ್ದೆಗಳಿದ್ದರೂ ಸರಕಾರವು ಉತ್ತಮ ಗುಣಮಟ್ಟದ ಕಾರಣ ನೀಡಿ 7 ಮಂದಿಯನ್ನಷ್ಟೇ ನೇಮಿಸಿದ್ದನ್ನು 1973ರಲ್ಲಿ ಸುಪ್ರೀಮ್ ಕೋರ್ಟು ಒಪ್ಪಿತ್ತು. ಪ್ರಾಮಾಣಿಕ ಕಾರಣವಿದ್ದರೆ ಸರಕಾರ ಹುದ್ದೆಗಳನ್ನು ಖಾಲಿ ಬಿಡಬಹುದು. ಹುದ್ದೆಯಿದ್ದೂ ಕಾರಣವಿಲ್ಲದೆ ಅರ್ಹನನ್ನು ದೂರವಿಡುವಂತಿಲ್ಲ.

ಸಹೋದರರೇ, ಈ ನ್ಯಾಯ ನಮಗೆ ಹೊಸತಲ್ಲ. ಕರಾರುಗಳನ್ನು ಪಾಲಿಸಬೇಕೆಂಬ ಆಜ್ಞೆಯೊಂದಿಗೇ ಸೂರಃ ಅಲ್ ಮಾಇದಃ ಆರಂಭವಾಗುತ್ತದೆ. ತಾನು ಪಡೆಯುವಾಗ ತುಂಬಿದ ಅಳತೆ, ಇತರರಿಗೆ ಕೊಡುವಾಗ ಕಡಿಮೆ ಅಳತೆ ಎಂಬ ವಂಚನೆಯನ್ನು ಖಂಡಿಸಲು ಸೂರಃ ಅಲ್ ಮುತಫ್ಫಿಫೀನ್ ಅವತೀರ್ಣವಾಯಿತು. ಆ ಎಚ್ಚರಿಕೆ ಅಂಗಡಿಯ ತಕ್ಕಡಿಗೆ ಮಾತ್ರವೇ? ಕಚೇರಿಯ ಕಡತಕ್ಕೂ ಅನ್ವಯಿಸದೇ?

ಹಾಗೆಯೇ ನಮ್ಮ ಆಡಳಿತ ಸಮಿತಿಗಳಿಗೂ ಅನ್ವಯಿಸುತ್ತದೆ. ಮಸೀದಿಗೆ ಇಮಾಮರನ್ನು, ಶಾಲೆಗೆ ಶಿಕ್ಷಕಿಯರನ್ನು ನೇಮಿಸುವಾಗ ಮೊದಲೊಂದು ಅರ್ಹತೆ ಹೇಳಿ, ಬಳಿಕ ಸದಸ್ಯರೊಬ್ಬರ ಬಂಧುವಿಗಾಗಿ ಇನ್ನೊಂದನ್ನು ಸೇರಿಸುವ ಪರಿಪಾಠ ನಮ್ಮಲ್ಲಿಲ್ಲವೇ? ಷರತ್ತುಗಳನ್ನು ಮೊದಲೇ ಬರೆದು ಫಲಕಕ್ಕೆ ಹಚ್ಚಿ, ಕೊನೆಯ ತನಕ ಅದಕ್ಕೆ ಬದ್ಧರಾಗುವ ಸಮಿತಿಗಳೆಷ್ಟಿವೆ? ಸರಕಾರದಿಂದ ನಾವು ಕೇಳುವ ನ್ಯಾಯವನ್ನು ಮೊದಲು ನಮ್ಮ ಅಂಗಳದಲ್ಲಿ ಸ್ಥಾಪಿಸೋಣ. ಆಗ ನಮ್ಮ ಬೇಡಿಕೆಗೆ ನೈತಿಕ ಬಲ ಬರುತ್ತದೆ.

ಕೊನೆಯದಾಗಿ ಯುವಜನರಿಗೆ ಒಂದು ಮಾತು. ಐಎಎಸ್‌ನಲ್ಲಿ ಮುಸ್ಲಿಮರ ಪಾಲು ಶೇ. 3 ಮಾತ್ರವೆಂದು 2006ರಲ್ಲಿ ಸಾಚಾರ್ ಸಮಿತಿ ವರದಿ ಮಾಡಿತು. ಈ ಅಂಕಿಯನ್ನು ಮುಂದಿಟ್ಟು, ‘ನಮಗೆ ಹೇಗೂ ಸಿಗದು’ ಎಂದು ಅರ್ಜಿಯನ್ನೇ ಹಾಕದವರು ನಮ್ಮಲ್ಲಿದ್ದಾರೆ. ನಿರಾಶೆ ವಿಶ್ವಾಸಿಗೆ ಭೂಷಣವಲ್ಲ. ಅರ್ಜಿ ಹಾಕಿರಿ. ಅಧಿಸೂಚನೆಯ ಪ್ರತಿಯನ್ನು ಮೊದಲ ದಿನವೇ ತೆಗೆದಿಡಿರಿ. ಅದರೊಂದಿಗೆ ನೇಮಕಾತಿ ನಿಯಮಗಳನ್ನೂ ಓದಿರಿ. ಬದಲಾವಣೆಗೆ ಅವಕಾಶವಿದೆಯೇ ಎಂಬುದು ಅಲ್ಲಿಯೇ ಇರುತ್ತದೆ. ತಿದ್ದುಪಡಿ ಬಂದರೆ ದಿನಾಂಕ ಸಹಿತ ಕಾಪಾಡಿರಿ. ಅನ್ಯಾಯವೆನಿಸಿದರೆ ಲಿಖಿತವಾಗಿ ಆಕ್ಷೇಪಿಸಿರಿ, ಮಾಹಿತಿ ಹಕ್ಕನ್ನು ಬಳಸಿರಿ, ವಕೀಲರನ್ನು ತಡಮಾಡದೆ ಕಾಣಿರಿ. ನಿಮ್ಮಂತೆ ನೊಂದ ಇತರ ಸಮುದಾಯದ ಅಭ್ಯರ್ಥಿಗಳೊಡನೆ ಸೇರಿ ಹೋರಾಡಿರಿ. ಏಕೆಂದರೆ ಅಳತೆಗೋಲು ಬದಲಾದಾಗ ಸೋಲುವವರು ಒಂದೇ ಧರ್ಮದವರಲ್ಲ. ನಿಯಮವನ್ನು ನಂಬಿ ದುಡಿದವರೆಲ್ಲರೂ ಸೋಲುತ್ತಾರೆ.

ನ್ಯಾಯದ ಪರ ನಿಲ್ಲುವ ಶಕ್ತಿಯನ್ನು ಅಲ್ಲಾಹನು ನಮಗೆಲ್ಲರಿಗೂ ಅನುಗ್ರಹಿಸಲಿ.