ಮುಖ ಗೊತ್ತು, ಹೆಸರು ಗೊತ್ತಿಲ್ಲ

1987ರ ‘ಮಿಸ್ಟರ್ ಇಂಡಿಯಾ’ದಲ್ಲಿ ಹನುಮಂತನ ವಿಗ್ರಹದಿಂದ ಏಟು ತಿಂದ ಬೋಳುತಲೆ, ಗಡ್ಡದ ಬಿಳಿಯ ನೆನಪಿದ್ದಾನಾ?

ಅವರೇ ಬಾಬ್ ಕ್ರಿಸ್ಟೋ. 1938ರಲ್ಲಿ ಸಿಡ್ನಿಯಲ್ಲಿ ಹುಟ್ಟಿದವರು. ಓದಿದ್ದು ಸಿವಿಲ್ ಎಂಜಿನಿಯರಿಂಗ್! ಪರ್ವೀನ್ ಬಾಬಿ ಫೋಟೋ ನೋಡಿ ಮುಂಬೈಗೆ ಬಂದರು. ಸಂಜಯ್ ಖಾನ್ ‘ಅಬ್ದುಲ್ಲಾ’ದಲ್ಲಿ (1980) ಪಾತ್ರ ಕೊಟ್ಟರು. ಆಮೇಲೆ ಹೆಚ್ಚಾಗಿ ಸಿಕ್ಕಿದ್ದು ಒಂದೇ ಕೆಲಸ: ವಿದೇಶಿ ವಿಲನ್ ಆಗೋದು, ಹೀರೋ ಕೈಲಿ ಒದೆ ತಿನ್ನೋದು.

ಹೊರಗಿನಿಂದ ಬಂದವರಿಗೆ ಊರು ಮೊದಲು ಒಂದು ಹಣೆಪಟ್ಟಿ ಅಂಟಿಸುತ್ತೆ. ಅದೇ ಮುಂಬೈ ನಮ್ಮನ್ನೂ ‘ಮದ್ರಾಸಿ’ ಅಂದಿಲ್ವಾ? ಕ್ರಿಸ್ಟೋ ಆ ಹಣೆಪಟ್ಟಿಯಲ್ಲೇ ದುಡಿದು ಬದುಕು ಕಟ್ಟಿಕೊಂಡರು.

ಕೊನೆಗೆ ನಮ್ಮ ಬೆಂಗಳೂರಿಗೆ ಬಂದು ಯೋಗ ಕಲಿಸಿದರು. 2011ರ ಮಾರ್ಚ್ 20ರಂದು ಬೆಂಗಳೂರಲ್ಲೇ ತೀರಿಕೊಂಡರು. ಮುಂದಿನ ಸಲ ಆ ಸೀನ್ ಬಂದಾಗ, ಪಕ್ಕದಲ್ಲಿದ್ದವರಿಗೆ ಅವರ ಹೆಸರು ಹೇಳಿ.