ಆಟವೂ ಒಂದು ವರದಾನ



ಬೀದರ, ಭಾಲ್ಕಿ, ಔರಾದಗಳಲ್ಲಿ ಅನೇಕ ಹೆಣ್ಣುಮಕ್ಕಳು ಕಾಲೇಜು ಸೇರಿದೊಡನೆ ಆಟವನ್ನು ತೊರೆಯುವುದನ್ನು ನಾವು ಕಾಣುತ್ತೇವೆ. ಆದುದರಿಂದ ನೆರೆಯ ಕೇರಳದ ಗೀತು ಅನ್ನಾ ಜೋಸ್ ಅವರ ನಿದರ್ಶನವನ್ನು ನಿಮ್ಮ ಮುಂದಿಡುತ್ತೇವೆ. ಚಂಗನಾಶ್ಶೇರಿಯ ಕಥೋಲಿಕ ಸಂಸ್ಥೆಯಾದ ಅಸಂಪ್ಷನ್ ಕಾಲೇಜಿನಲ್ಲಿ ಓದುತ್ತ ಅವರು ಬಾಸ್ಕೆಟ್‌ಬಾಲ್ ಆಡಿದರು. ಮುಂದೆ ದಕ್ಷಿಣ ರೈಲ್ವೆಯ ಉದ್ಯೋಗಿಯಾದರು. 2006ರಲ್ಲಿ ಆಸ್ಟ್ರೇಲಿಯದ ರಿಂಗ್‌ವುಡ್ ಹಾಕ್ಸ್ ತಂಡದ ವೃತ್ತಿ ಆಟಗಾರ್ತಿಯಾದರು. 2011ರಲ್ಲಿ ಅಮೆರಿಕದ ಮಹಿಳಾ ವೃತ್ತಿ ಲೀಗಿನ ಮೂರು ತಂಡಗಳು ಅವರನ್ನು ಆಯ್ಕೆ ಪರೀಕ್ಷೆಗೆ ಕರೆದವು. ಸ್ಥಾನ ಮಾತ್ರ ದೊರೆಯಲಿಲ್ಲ. ಎದೆಗುಂದದೆ ಅವರು ಭಾರತಕ್ಕಾಗಿ ಆಡಿದರು. 2014ರ ಅರ್ಜುನ ಪ್ರಶಸ್ತಿ ಅವರಿಗೆ ಸಂದಿತು.

ಹೆತ್ತವರೇ, ಓದಿನ ನೆಪದಿಂದ ಮಗಳ ಕೈಯ ಚೆಂಡನ್ನು ಕಸಿಯದಿರಿ. ಪುಸ್ತಕದೊಡನೆ ಅದೂ ಇರಲೆಂದು ನಾವು ಬೇಡುತ್ತೇವೆ.